ಬಿತ್ತಿ ಉಳಿದ ಬೀಜದ ಡಬ್ಬ

ಕಲ್ಯಾಣದುರ್ಗದ ಮನೆಯಲ್ಲಿ ಒಲೆಯ ಎಡಕ್ಕೆ ಉಪ್ಪಿನ ಮಡಕೆ. ಅದಕ್ಕೆ ಒತ್ತಿಕೊಂಡಂತೆ ಹುಣಸೆಹಣ್ಣಿನ ಗಡಿಗೆ. ಅದರಿಂದ ಒಂದು ಗೇಣು ಬಿಟ್ಟು ಖಾರದಪುಡಿಯ ಡಬ್ಬ. ಬಲಗಡೆಯ ಗೋಡೆಗೆ ಎರಡು ಕಲ್ಲುಹಲಗೆ. ಕೆಳಗಿನ ಹಲಗೆಯ ಈ ತುದಿಗೆ ಉಣ್ಣುವ ಕಡಲೇಬೀಜ, ಆ ತುದಿಗೆ ರಾಗಿಹಿಟ್ಟು, ನಡುವೆ ಎಣ್ಣೆ. ಮೇಲಿನ ಹಲಗೆಯಲ್ಲಿ ದಿನಾ ಬೇಡದ ಸಾಮಾನು. ನೀರಿನ ಗುಡಾಣದ ಮುಚ್ಚಳದ ಮೇಲೆ ಚೊಂಬು, ಬೋರಲು. ಇಂದಿಗೂ ಕೇಳಿದರೆ ತಡವರಿಸದೆ ಹೇಳುತ್ತೇನೆ. ಇಷ್ಟನ್ನು ಕಲಿಯಲು ನನಗೆ ಐದು ವರ್ಷ ಹಿಡಿಯಿತು. ಅದರಲ್ಲಿ ಮೊದಲ ಮೂರು ವರ್ಷ ಕಲಿಯಬಾರದೆಂದೇ ಹಟ ಹಿಡಿದಿದ್ದೆ.

ನಾನು ಆ ಮನೆಗೆ ಸೊಸೆಯಾಗಿ ಹೋದದ್ದು ಎಪ್ಪತ್ತರ ದಶಕ ಮುಗಿಯುತ್ತ ಬಂದಾಗ, ಹಿಂದೂಪುರದಿಂದ. ಎರಡೂ ತೆಲುಗು ಸೀಮೆಯ ಊರುಗಳು, ಮನೆಯೊಳಗಿನ ಮಾತು ಮಾತ್ರ ಕನ್ನಡ. ಮನೆಯಲ್ಲಿದ್ದವರು ಅತ್ತೆ, ಮಾವ, ನನ್ನ ಗಂಡ. ಮಾವನಿಗೆ ಕಂಬದೂರಿನ ದಾರಿಯಲ್ಲಿ ಹೊಲ. ಗಂಡನಿಗೆ ಎಣ್ಣೆ ಮಿಲ್ಲೊಂದರಲ್ಲಿ ತೂಕ ಹಾಕುವ ಕೆಲಸ. ಅತ್ತೆಯ ಎರಡು ಕಣ್ಣಿಗೂ ಆಗಲೇ ಪೊರೆ ಬಂದಿತ್ತು. ಇದನ್ನು ಮೊದಲೇ ಹೇಳಿಬಿಡುವುದು ಸರಿ. ನನಗೆ ಆಗ ಅದು ಗೊತ್ತಿರಲಿಲ್ಲ. ಗಂಡನಿಗೂ ಮಾವನಿಗೂ ಕೊನೆಯವರೆಗೂ ಸರಿಯಾಗಿ ಗೊತ್ತಾಗಲಿಲ್ಲ. ಗೊತ್ತಿಲ್ಲದೆ ಮಾಡಿದ್ದನ್ನು ಗೊತ್ತಿಲ್ಲದವಳ ಹಾಗೆಯೇ ಬರೆದುಕೊಂಡು ಹೋದರೆ ಓದುವವರಿಗೆ ನನ್ನ ಮೇಲೆ ಕನಿಕರ ಬರಬಹುದು. ಅದು ಬೇಡ. ಅತ್ತೆಗೆ ಬೆಳಕು ಕಾಣುತ್ತಿತ್ತು, ಅಲುಗಾಡುವ ನೆರಳು ಕಾಣುತ್ತಿತ್ತು, ಬಣ್ಣ ಕಾಣುತ್ತಿರಲಿಲ್ಲ. ಒಲೆ ತಮ್ಮ ಕೈ ತಪ್ಪಬಾರದೆಂದು ಅವರು ಅದನ್ನು ಮುಚ್ಚಿಟ್ಟಿದ್ದರು. ನನಗೆ ಬೇಕಾಗಿದ್ದದ್ದು ಅದೇ ಅಡುಗೆಮನೆಯಲ್ಲಿ ಒಂದು ಹಲಗೆ. ಒಂದೇ ಒಂದು.

ಹಿಂದೂಪುರದ ನನ್ನ ತವರಿನಲ್ಲಿ ಯಾವ ವಸ್ತುವಿಗೂ ಜಾಗ ಎಂಬುದಿರಲಿಲ್ಲ. ಎರಡು ಕೋಣೆ, ಆರು ಜನ, ಜೊತೆಗೆ ಮಂಡಿಯಿಂದ ಬರುವ ಹುಣಸೆಹಣ್ಣು. ಬೇಸಿಗೆಯಲ್ಲಿ ಅಮ್ಮ, ಅಕ್ಕ, ನಾನು, ಪಕ್ಕದ ಮನೆಯವರು ಸುತ್ತ ಕೂತು ಸಣ್ಣ ಸುತ್ತಿಗೆಯಿಂದ ಬಡಿದು ಬೀಜ ಬಿಡಿಸುತ್ತಿದ್ದೆವು. ಸುತ್ತಿಗೆ ಒಂದು ದಿನ ಚಾಪೆಯ ಸುರುಳಿಯೊಳಗೆ ಸಿಗುತ್ತಿತ್ತು, ಇನ್ನೊಂದು ದಿನ ಅಕ್ಕಿಯ ಡಬ್ಬದಲ್ಲಿ. "ಸುತ್ತಿಗೆ ಯಾರ್ ನುಂಗಿದ್ರೇ?" ಎಂದು ಅಮ್ಮ ಕೂಗಿದರೆ ಎಲ್ಲರೂ ಎದ್ದು ಹುಡುಕುತ್ತಿದ್ದೆವು. ಹುಡುಕುವಾಗ ಬೇರೇನೋ ಸಿಗುತ್ತಿತ್ತು, ಅದರ ಮೇಲೆ ಒಂದು ಮಾತು, ಒಂದು ನಗು. ಮನೆಯೆಂದರೆ ಹಾಗೆ ಎಂದು ನಾನು ತಿಳಿದಿದ್ದೆ.

ಕಲ್ಯಾಣದುರ್ಗದಲ್ಲಿ ಮೊದಲ ತಿಂಗಳೇ ನಾನು ಉಪ್ಪಿನ ಮಡಕೆಯನ್ನು ಒಲೆಯ ಬಲಕ್ಕೆ ಇಟ್ಟೆ. ನನಗೆ ಬಲಗೈ ಅನುಕೂಲ, ಅಷ್ಟೇ ಕಾರಣ. ಅತ್ತೆ ಬಂದು ಸಾರಿಗೆ ಉಪ್ಪು ಹಾಕಲು ಎಡಕ್ಕೆ ಕೈ ಚಾಚಿದರು. ಕೈ ಹುಣಸೆಹಣ್ಣಿನ ಮೇಲೆ ಬಿತ್ತು. ಅವರು ಗಡಿಗೆಯ ಬಾಯನ್ನು ಬೆರಳಿನಿಂದ ಒಮ್ಮೆ ಸವರಿದರು.

"ಏನಮ್ಮ, ನಿಮ್ಮ ಹಿಂದೂಪುರದಾಗೆ ಉಪ್ಪಿಗೆ ಕಾಲ್ ಬತ್ತವಾ?" ಎಂದರು. "ನಮ್ಮ ಕಡೆ ಬರಲ್ಲ ಕಣಮ್ಮ. ಇಟ್ಟ ತಾವೇ ಕುಂತಿರ್ತದೆ."

ಸಂಜೆ ಗಂಡನಿಗೆ ಹೇಳಿಕೊಂಡೆ. ಅವರು ನಕ್ಕರು. "ನಾನ್ ಹುಟ್ದಾಗಿಂದ ಉಪ್ಪು ಅಲ್ಲೇ ಐತೆ. ನೀನ್ಯಾಕೆ ಅದ್ನ ತಿರುಪತಿಗೆ ಕಳುಸ್ತೀಯ?"

ಹೀಗೆ ಮೂರು ವರ್ಷ. ನಾನು ಒಂದು ಡಬ್ಬ ಸರಿಸುವುದು, ಅತ್ತೆ ಅದನ್ನು ಮತ್ತೆ ಅದರ ಜಾಗಕ್ಕೆ ಇಡುವುದು. ಜಗಳವೆಂದು ಕೂಗಾಡಿದ್ದಿಲ್ಲ. ಕೂಗಾಡಿದ್ದರೆ ಚೆನ್ನಾಗಿತ್ತು. ತವರಿನಿಂದ ನಾನು ತಂದಿದ್ದ ನಾಲ್ಕು ಗಾಜಿನ ಜಾಡಿಗಳು ಟ್ರಂಕಿನಲ್ಲೇ ಸೀರೆ ಸುತ್ತಿಕೊಂಡು ಮಲಗಿದ್ದವು. ಬೆಳಗ್ಗೆ ಎದ್ದು ಬೂದಿ ತೆಗೆಯುವಾಗ ಒಮ್ಮೊಮ್ಮೆ ಆ ಮಡಕೆಗಳನ್ನೆಲ್ಲ ಹೊರಗೆ ಬೀದಿಗೆ ತಂದು ಒಡೆಯಬೇಕೆನ್ನಿಸುತ್ತಿತ್ತು. ಒಡೆಯಲಿಲ್ಲ. ಬೂದಿ ಹೊರಹಾಕಿ, ಚೊಂಬನ್ನು ಬೋರಲು ಇಟ್ಟು, ಮುಂದಿನ ಕೆಲಸಕ್ಕೆ ಹೋಗುತ್ತಿದ್ದೆ.

ನನ್ನೆದುರಿಗೇ ಎಲ್ಲ ಇತ್ತು. ಒಂದೊಂದನ್ನೂ ನಾನು ತಪ್ಪಾಗಿ ಓದಿದೆ. ಅತ್ತೆ ಎಣ್ಣೆ ಅಳೆಯುವಾಗ ಲೋಟದೊಳಗೆ ಬೆರಳಿಡುತ್ತಿದ್ದರು; ಇದು ಜಿಪುಣತನ ಎಂದುಕೊಂಡೆ. ವಾರಕ್ಕೊಮ್ಮೆ ನಾಲ್ಕೈದು ಸೂಜಿಗೆ ದಾರ ಪೋಣಿಸಿ ತಮ್ಮ ಸೆರಗಿಗೆ ಚುಚ್ಚಿಡಲು ನನಗೆ ಹೇಳುತ್ತಿದ್ದರು. ಇದು ದರ್ಬಾರು ಎಂದುಕೊಂಡೆ. ಬಾಗಿಲಿಗೆ ಯಾರಾದರೂ ಬಂದರೆ ಅವರು ಬಾಯಿ ತೆರೆಯುವ ತನಕ ಇವರು ಬಾಯಿ ತೆರೆಯುತ್ತಿರಲಿಲ್ಲ, ಇದು ಬಿಗುಮಾನ. ಬಿತ್ತನೆಗೆ ಮುಂಚೆ ಮನೆಮಂದಿಯೆಲ್ಲ ಕೂತು ಕಡಲೇಕಾಯಿಯನ್ನು ಕೈಯಿಂದಲೇ ಒಡೆದು ಬೀಜ ಮಾಡಬೇಕು, ಯಂತ್ರಕ್ಕೆ ಹಾಕಿದರೆ ಬೀಜದ ಮೂತಿ ಮುರಿದು ಮೊಳಕೆ ಬರುವುದಿಲ್ಲ. ಆಗ ಅತ್ತೆ ನಮ್ಮೆಲ್ಲರ ದುಪ್ಪಟ್ಟು ಒಡೆಯುತ್ತಿದ್ದರು. ಸುಕ್ಕು ಬಿದ್ದದ್ದು, ಹುಳ ಹಿಡಿದದ್ದು ಒಂದನ್ನೂ ಬಿಡದೆ ಬೇರೆ ಮಾಡುತ್ತಿದ್ದರು. ತಲೆಯನ್ನು ಗೋಡೆಗೆ ಆನಿಸಿ, ಎಲ್ಲೋ ನೋಡುತ್ತ. ಕೆಲಸದ ಮೇಲೆ ಇಷ್ಟು ಹಿಡಿತ ಇರುವವರಿಗೆ ಸೊಸೆಯ ಮೇಲೆ ಯಾಕೆ ಇಷ್ಟು ಬಿಗಿ ಎಂದು ನಾನು ಹಲ್ಲು ಕಚ್ಚುತ್ತಿದ್ದೆ.

ಮೂರನೆಯ ವರ್ಷ ನನ್ನ ಮಗಳಿಗೆ ಎರಡು ತುಂಬಿತ್ತು. ಬಿತ್ತನೆಯ ದಿನ ಮಾವ ಅಂಗಳದಲ್ಲಿ ಗೋಣಿ ಹಾಸಿ, ಬೀಜದ ಮೇಲೆ ಔಷಧಿ ಪುಡಿ ಎರಚಿದರು. ಗೋಣಿಯ ಎರಡು ತುದಿ ಹಿಡಿದು ನಾವು ಉರುಳಾಡಿಸಿದೆವು. ಪುಡಿಯ ಬಣ್ಣ ಕುಂಕುಮಕ್ಕೂ ಇಟ್ಟಿಗೆಗೂ ನಡುವಿನದು. ಬಿತ್ತಿ ಸ್ವಲ್ಪ ಉಳಿಯಿತು. ಉಳಿದ ಬೀಜವನ್ನು ಆ ಕಡೆ ಯಾರೂ ಎಸೆಯುವುದಿಲ್ಲ. ಮೊಳಕೆ ಬಾರದ ಸಂದುಗಳಿಗೆ ಮತ್ತೆ ಹಾಕಲು ಬೇಕಾಗುತ್ತದೆ. ಹಾಕಿ ಮತ್ತೂ ಉಳಿದರೆ ಪೈರು ಹೂ ಬಿಡುವ ತನಕ ಅದು ಮನೆಯೊಳಗೆ, ಒಲೆಯ ಕೋಣೆಯಲ್ಲೇ ಇರಬೇಕು. ಹೊರಗೆ ಹಾಕಿದರೆ ಹೊಲದ ಪೈರೂ ಮನೆ ಬಿಟ್ಟು ಹೋಗುತ್ತದೆ ಎಂದು ಮಾವ ಹೇಳುತ್ತಿದ್ದರು. ಅವರು ಅದನ್ನು ಒಂದು ವನಸ್ಪತಿ ಡಬ್ಬಕ್ಕೆ ತುಂಬಿ, ಮೇಲಿನ ಹಲಗೆಯ ಮೂಲೆಗೆ ತಳ್ಳಿದರು. ಉಣ್ಣುವ ಕಡಲೇಬೀಜದ ಡಬ್ಬವೂ ಅಂಥದ್ದೇ, ಅದೇ ಅಳತೆ, ಅದೇ ಮುಚ್ಚಳ.

ಶ್ರಾವಣದಲ್ಲಿ ಒಂದು ದಿನ ಅತ್ತೆ ಬಾಣಂತಿಯೊಬ್ಬಳನ್ನು ನೋಡಲು ಆಚೆ ಬೀದಿಗೆ ಹೋದರು. ನಾನು ಅಡುಗೆಮನೆಗೆ ಸುಣ್ಣ ಬಳಿದೆ. ಸಾಮಾನೆಲ್ಲ ಹೊರಗೆ ತೆಗೆದೆ. ಮತ್ತೆ ಇಡುವಾಗ ನನಗೆ ಇಷ್ಟ ಬಂದಂತೆ ಇಟ್ಟೆ. ಇಲ್ಲಿ ನಾನು ಎಚ್ಚರದಿಂದ ಬರೆಯಬೇಕು. ಮೇಲಿನ ಹಲಗೆಯನ್ನು ಪೂರ್ತಿ ಖಾಲಿ ಮಾಡಿ ನನ್ನ ನಾಲ್ಕು ಜಾಡಿ ಸಾಲಾಗಿ ಜೋಡಿಸಿದೆ. ಅಲ್ಲಿದ್ದ ಬೀಜದ ಡಬ್ಬವನ್ನು ಕೆಳಗಿನ ಹಲಗೆಯ ಈ ತುದಿಗೆ ಇಟ್ಟೆ. ಉಣ್ಣುವ ಡಬ್ಬವನ್ನು ರಾಗಿಹಿಟ್ಟಿನ ಆಚೆಗೆ ಸರಿಸಿದೆ. ಔಷಧಿ ಬೀಜ ಯಾವುದು ಎಂದು ನನಗೆ ತಿಳಿದಿತ್ತು. ಮುಚ್ಚಳ ತೆಗೆದರೆ ಕೆಂಪಗೆ ಕಾಣುತ್ತದಲ್ಲ, ಕಣ್ಣಿದ್ದವರು ಯಾರು ತಪ್ಪುತ್ತಾರೆ ಎಂದು ನನ್ನ ಲೆಕ್ಕ. ನಾನು ಬಣ್ಣವನ್ನು ನಂಬಿದೆ. ಅತ್ತೆ ಜಾಗವನ್ನು ನಂಬಿದ್ದರು.

ಮಾರನೆಯ ಬೆಳಗ್ಗೆ ನಾನು ಬೀದಿಯ ನಲ್ಲಿಗೆ ನೀರಿಗೆ ಹೋಗಿದ್ದೆ. ಎರಡನೆಯ ಬಿಂದಿಗೆ ತಂದು ಇಳಿಸುವಾಗ ಅತ್ತೆ ಹಿತ್ತಲ ಹೊಸ್ತಿಲ ಮೇಲೆ ಕೂತು ಮಗುವಿಗೆ ಅನ್ನ ಕಲಸುತ್ತಿದ್ದರು. ಬಿಸಿ ಅನ್ನ, ಎಣ್ಣೆ, ಆಗ ತಾನೆ ಹುರಿದು ಕುಟ್ಟಿದ ಕಡಲೇಬೀಜದ ಚಟ್ನಿಪುಡಿ. ನನಗೆ ಮೊದಲು ಕಂಡದ್ದು ಅನ್ನವಲ್ಲ, ಅತ್ತೆಯ ಎಡಗೈ. ಬೆರಳುಗಳು ಎರಡನೆಯ ಗೆಣ್ಣಿನ ತನಕ ಕೆಂಪಗಿದ್ದವು. ಖಾರದಪುಡಿಯ ಕೆಂಪಲ್ಲ. ಬಿಂದಿಗೆ ಎಲ್ಲಿ ಬಿತ್ತೋ ನೆನಪಿಲ್ಲ. ಅತ್ತೆಯ ಕೈಗೆ ಹೊಡೆದೆ. ತುತ್ತು ಆಗಲೇ ಮಗುವಿನ ಬಾಯಲ್ಲಿತ್ತು. ಬೆರಳು ಹಾಕಿ ತೆಗೆದೆ, ಮಗು ನನ್ನ ಬೆರಳನ್ನು ಕಚ್ಚಿತು, ರಕ್ತ ಬಂತು. ಆ ರಕ್ತ ಮಗುವಿನದೆಂದುಕೊಂಡು ನಾನು ಕಿರುಚಿದೆ.

ಅದು ಮೊದಲ ತುತ್ತು. ಅತ್ತೆ ಅದನ್ನು ಮೂರು ಸಲ ಹೇಳಿದರು. "ಮೊದಲ್ನೇದು ಕಣಮ್ಮ. ಮೊದಲ್ನೇದು. ಮೊದಲ್ನೇದು." ಬೀದಿಯ ಕೊನೆಯಲ್ಲಿದ್ದ ಕಾಂಪೌಂಡರ ಹತ್ತಿರ ಮಗುವನ್ನು ಎತ್ತಿಕೊಂಡು ಓಡಿದೆ. ಅವರು ಬಾಯಿ ತೊಳೆದು, ಸಂಜೆಯ ತನಕ ನೋಡಿಕೊಳ್ಳಲು ಹೇಳಿದರು. ಮಗುವಿಗೆ ಏನೂ ಆಗಲಿಲ್ಲ. ಸಂಜೆ ಅವಳು ಕೋಳಿಯನ್ನು ಅಟ್ಟಿಸಿಕೊಂಡು ಆಡುತ್ತಿದ್ದಳು.

ಹೊಲದಿಂದ ಬಂದ ಮಾವನಿಗೆ ಸುದ್ದಿ ಬೀದಿಯಲ್ಲೇ ಸಿಕ್ಕಿತ್ತು. ಬಾಗಿಲಲ್ಲೇ ನಿಂತು ಕೇಳಿದರು: "ಬೀಜದ ಡಬ್ಬ ಕೆಳಗಿಟ್ಟೋರ್ಯಾರು?"

"ನಾನು" ಎಂದೆ.

"ಉರ್ದೋರ್ಯಾರು?"

ನಾನು ಅತ್ತೆಯ ಕಡೆ ನೋಡಿದೆ. ಅವರು ಮೊರ ಹಿಡಿದು ಕೂತಿದ್ದರು. ಮೊರದಲ್ಲಿ ಏನೂ ಇರಲಿಲ್ಲ. "ನಾನಲ್ಲ" ಎಂದೆ.

"ಮತ್ತೆ ಇವ್ಳಾ?" ಮಾವ ಅತ್ತೆಯ ಕಡೆ ಕೈ ತೋರಿಸಿದರು. "ಮದುವ್ಯಾಗಿ ಬಂದಾಗಿಂದ ಕಳ್ಳೇಬೀಜ ಉರ್ದಿರೋಳು ಇವ್ಳು. ಉಣ್ಣೋದ್ಯಾವ್ದು ಬಿತ್ತೋದ್ಯಾವ್ದು ಇವ್ಳಿಗೆ ಗೊತ್ತಾಗ್ದಾ? ಸುಳ್ ಯೋಳ್ಬ್ಯಾಡ ಕಣಮ್ಮ. ತಪ್ಪಾಯ್ತು ಅಂದ್ರೆ ಮುಗೀತದೆ." ಆಮೇಲೆ ಗೋಡೆಗೆ ಹೇಳುವಂತೆ, "ಹುಣಸೇಬೀಜದೋರ್ ಕೈಗೆ ಕಳ್ಳೇಬೀಜ ಕೊಟ್ರೆ ಇಂಗೇ ಆಗೋದು" ಎಂದರು.

ಅತ್ತೆ ಖಾಲಿ ಮೊರವನ್ನು ಕೇರತೊಡಗಿದರು. ಗಂಡ ತಲೆ ಬಗ್ಗಿಸಿ ಚಪ್ಪಲಿ ಬಿಚ್ಚುತ್ತಿದ್ದರು. ಆ ಚಪ್ಪಲಿಗೆ ಬಿಚ್ಚುವಂಥ ಪಟ್ಟಿಯೇ ಇರಲಿಲ್ಲ.

ನನ್ನ ತಪ್ಪು ಅರ್ಧ, ಅದನ್ನು ಒಪ್ಪಿದ್ದೆ. ಉಳಿದ ಅರ್ಧವನ್ನೂ ನನ್ನ ತಲೆಗೆ ಕಟ್ಟಿದರು. ಕಟ್ಟುವಾಗ ಅತ್ತೆ ಸುಮ್ಮನೆ ಕೂತರು. ಆ ಸುಮ್ಮನಿರುವಿಕೆಯನ್ನು ನಾನು ಹಲ್ಲಿನ ಸಂದಿಯ ನಾರಿನಂತೆ ನಾಲಿಗೆಯಿಂದ ತಳ್ಳುತ್ತಲೇ ಇದ್ದೆ. ಯಾಕೆ? ಇವರಿಗೆ ನನ್ನ ಮೇಲೆ ದ್ವೇಷವಿದ್ದರೂ ಮೊಮ್ಮಗಳ ಮೇಲೆ ಇರಲಿಲ್ಲ. ಆ ಕೆಂಪನ್ನು ನೋಡಿಯೂ ಹುರಿಯುವಂಥ ಹೆಂಗಸಲ್ಲ. ಹಾಗಾದರೆ ನೋಡಲಿಲ್ಲ. ಹಾಗೆನ್ನಿಸಿ ನಾನು ಅವರನ್ನು ನೋಡತೊಡಗಿದೆ.

ಒಂದು ವಾರ ನೋಡಿದೆ. ದೀಪ ಹತ್ತಿದೆಯೇ ಎಂದು ಅಂಗೈ ಚಾಚಿ ಬಿಸಿ ನೋಡುತ್ತಿದ್ದರು. ಎಸರು ಕುದಿಯುವುದನ್ನು ತಲೆ ಓರೆ ಮಾಡಿ ಕೇಳುತ್ತಿದ್ದರು. ಅಕ್ಕಿಯ ಕಲ್ಲನ್ನು ಹೆಬ್ಬೆರಳಿನಿಂದ ಹುಡುಕುತ್ತಿದ್ದರು. ಹಿತ್ತಲಿಗೆ ಹೋಗುವಾಗ ಗೋಡೆಯ ಒಂದು ಗೆರೆಯ ಮೇಲೆ ಬೆರಳು ಹರಿಯುತ್ತಿತ್ತು, ನಾನು ಸುಣ್ಣ ಬಳಿದಿದ್ದರೂ ಆ ಗೆರೆ ಆಗಲೇ ಕಪ್ಪಾಗಿತ್ತು. ಹುರಿಯುವಾಗ ಔಷಧಿಯ ವಾಸನೆ ಯಾಕೆ ಹೊಡೆಯಲಿಲ್ಲ ಎಂಬುದೂ ತಿಳಿಯಿತು. ದಿನಕ್ಕೆ ಹತ್ತು ಸಲ ನಶ್ಯ ಏರಿಸಿ ಅವರ ಮೂಗು ಯಾವತ್ತೋ ಸತ್ತಿತ್ತು. ಡಬ್ಬದ ಜಾಗ ಒಂದೇ ಉಳಿದಿತ್ತು. ಅದನ್ನು ನಾನು ತೆಗೆದಿದ್ದೆ.

ಒಂದು ಮಧ್ಯಾಹ್ನ ಇಬ್ಬರೇ ಇದ್ದಾಗ ಕೇಳಿದೆ. "ಅತ್ತೆ, ನಿಮ್ಗೆ ಕಣ್ಣು ಕಾಣಲ್ಲ ಅಲ್ವಾ?"

"ಯಾಕ್ ಕಾಣಲ್ಲ? ನೀನ್ ಕಾಣ್ತೀಯಲ್ಲ, ಕಪ್ಪಗೆ."

"ಬಾಗ್ಲಾಗೆ ಬೆಳಕು ಹಿಂದಿದ್ರೆ ಎಲ್ರೂ ಕಪ್ಪಗೇ ಕಾಣ್ತಾರೆ."

ಅವರು ನಶ್ಯದ ಡಬ್ಬಿ ತೆಗೆದು ಮತ್ತೆ ಸೊಂಟಕ್ಕೆ ಸಿಕ್ಕಿಸಿಕೊಂಡರು. "ಯಾರ್ ತಾವಾನಾ ಅಂದೀಯ?"

"ಇನ್ನೂ ಇಲ್ಲ."

"ನಮ್ಮತ್ತೆಗೂ ಇಂಗೇ ಆಗಿತ್ತು" ಎಂದರು. "ಅಡಿಗೆಮನೇಗ್ ಬರ್ಬ್ಯಾಡ ಅಂದ್ಬುಟ್ಟೆ ನಾನು. ಪಡಸಾಲೆ ಮೂಲೇಲಿ ಚಾಪೆ ಹಾಕ್ಕೊಟ್ಟೆ. ತಟ್ಟೆ ಇಡೋವಾಗ ನೆಲಕ್ಕೆ ಬಡ್ದು ಇಡ್ತಿದ್ದೆ, ಸದ್ದಾದ್ರೆ ಗೊತ್ತಾಗ್ಲಿ ಅಂತ. ಸದ್ದು ಮಾಡಿ ಇಕ್ಕೋದು ನಾಯಿಗೆ ಕಣಮ್ಮ. ನಂಗಾಗ ತಿಳೀಲಿಲ್ಲ." ಆಮೇಲೆ, "ನೀನ್ ತಟ್ಟೆ ಎಂಗಿಡ್ತೀಯೋ ಯಾರಿಗ್ ಗೊತ್ತು" ಎಂದರು.

ನಾನು ಏನು ಹೇಳಬೇಕಿತ್ತು? ಹಾಗೆ ಮಾಡುವುದಿಲ್ಲ ಎನ್ನಬಹುದಿತ್ತು. ಮೂರು ವರ್ಷದ ಸಿಟ್ಟು ನನ್ನ ಬಾಯಲ್ಲಿತ್ತು, ಹಾಗೆ ಹೇಳಿದ್ದರೆ ನನಗೇ ನಂಬಿಕೆ ಬರುತ್ತಿರಲಿಲ್ಲ. ಎದ್ದು ಹೋಗಿ ನನ್ನ ಜಾಡಿಗಳನ್ನು ಕೆಳಗಿಳಿಸಿದೆ. ಬಟ್ಟೆ ಸುತ್ತಿ ಟ್ರಂಕಿಗೆ ಹಾಕಿದೆ. ಉಣ್ಣುವ ಡಬ್ಬವನ್ನು ಅದರ ಜಾಗಕ್ಕೆ ಇಟ್ಟು, ಅದರ ಕೊರಳಿಗೆ ಒಂದು ಗೋಣಿ ದಾರ ಕಟ್ಟಿದೆ. ಅತ್ತೆ ಬಂದು ಆ ದಾರವನ್ನು ಬೆರಳಿನಿಂದ ಮುಟ್ಟಿ ನೋಡಿದರು. ಗಂಟು ಸಡಿಲವಾಗಿದೆ ಎಂದು ಬಿಚ್ಚಿ ಬಿಗಿಯಾಗಿ ಕಟ್ಟಿದರು.

ಇನ್ನು ಮುಂದೆ ಸುಲಭವಾಯಿತು ಎಂದು ಬರೆದರೆ ಸುಳ್ಳು. ಇನ್ನೂ ಕಷ್ಟವಾಯಿತು. ಮುಂಚೆ ಡಬ್ಬ ಸರಿಸಿ ಸಿಟ್ಟು ತೀರಿಸಿಕೊಳ್ಳಬಹುದಿತ್ತು, ಈಗ ಅದೂ ಇಲ್ಲ. ಚಮಚ ತೊಳೆದರೆ ಅದೇ ಜಾಗ, ಮಣೆ ಎತ್ತಿದರೆ ಅದೇ ಜಾಗ. ಅಡುಗೆಮನೆಗೆ ಕಾಲಿಡುವ ಮುಂಚೆ ಬಳೆ ಅಲುಗಾಡಿಸಬೇಕು. ಮಾವ ಊಟಕ್ಕೆ ಕೂತಾಗ ಬಡಿಸುವ ಅತ್ತೆಯ ಕೈ ತಟ್ಟೆಯಿಂದ ಆಚೆ ಹೋದರೆ ನಾನು ತಟ್ಟೆಯನ್ನೇ ಕೈಯ ಕೆಳಗೆ ತಳ್ಳಬೇಕು. ಮಗು ನೆಲದ ಮೇಲೆ ಬಿಟ್ಟ ಆಟದ ಸಾಮಾನು ಎತ್ತಿ ಎತ್ತಿ ನನ್ನ ಸೊಂಟ ಬಿದ್ದುಹೋಯಿತು. ಅಡುಗೆ ಕೆಟ್ಟರೆ ಮಾವ ನನ್ನನ್ನು ನೋಡುತ್ತಿದ್ದರು, ಚೆನ್ನಾಗಿದ್ದರೆ ಅತ್ತೆಯನ್ನು.

ಕಣ್ಣು ತೋರಿಸೋಣ ಎಂದು ಎಷ್ಟು ಸಲ ಹೇಳಿದೆನೋ. ವರ್ಷಕ್ಕೊಮ್ಮೆ ಶಾಲೆಯಲ್ಲಿ ಕಣ್ಣಿನ ಕ್ಯಾಂಪು ನಡೆಯುತ್ತಿತ್ತು. "ಬ್ಯಾಡ" ಎನ್ನುತ್ತಿದ್ದರು. ಯಾಕೆ ಎಂದರೆ, "ಕ್ಯಾಂಪಿಗ್ ಹೋದ್ರೆ ಪಟ್ಟಿ ಕಟ್ತಾರೆ. ಪಟ್ಟಿ ಕಟ್ಟಿದ್ರೆ ಮನೇಗ್ ಗೊತ್ತಾಯ್ತದೆ." ಗೊತ್ತಾಗಬಾರದೆಂದು ಕುರುಡಾಗುತ್ತೀರಾ ಎಂದು ನಾನು ಕೇಳಿದಾಗ, "ಸೊಸೆ ಮುಂದೆ ಕುರುಡಾದ್ರೆ ಸಾಕು, ಊರ್ ಮುಂದೆ ಯಾಕೆ" ಎಂದರು. ಒಮ್ಮೆ ಸಿಟ್ಟಿನಲ್ಲಿ ಎಲ್ಲ ಹೇಳಿಬಿಡುತ್ತೇನೆ ಎಂದೆ. "ಯೋಳು" ಎಂದರು, "ನಿನ್ ಮಾತ್ ಯಾರ್ ನಂಬ್ತಾರೆ ನೋಡೋವ." ಅದು ನಿಜವೇ ಆಗಿತ್ತು, ಅದಕ್ಕೇ ನನಗೆ ಮೈ ಉರಿಯಿತು. ಎರಡು ಕ್ಯಾಂಪು ಹಾಗೇ ಬಂದು ಹೋದವು.

ಎರಡನೆಯ ಹೆರಿಗೆಗೆ ನಾನು ಹಿಂದೂಪುರಕ್ಕೆ ಹೋದಾಗ ನಾಮಕರಣಕ್ಕೆ ಅತ್ತೆ ಬರಲೇಬೇಕಾಯಿತು. ಹೆರಿಗೆಗೆ ಮುಂಚೆಯೇ ಕರೆದುಕೊಂಡು ಹೋದೆ, ಅವರನ್ನು ಒಬ್ಬರನ್ನೇ ಆ ಅಡುಗೆಮನೆಯಲ್ಲಿ ಬಿಟ್ಟುಹೋಗಲು ನನಗೆ ಧೈರ್ಯವಿರಲಿಲ್ಲ. ಬಸ್ಸಿನಲ್ಲಿ ಕಂಡಕ್ಟರು "ಜರುಗವ್ವಾ, ಮುಂದುಕು ಜರುಗು" ಎಂದು ತೆಲುಗಿನಲ್ಲಿ ಗದರಿದಾಗ ಅತ್ತೆ ಯಾವ ಕಡೆಗೆ ಸರಿಯಬೇಕೆಂದು ತಿಳಿಯದೆ ನನ್ನ ಸೆರಗು ಹಿಡಿದರು. ಎಷ್ಟೋ ಹೊತ್ತಿನ ಮೇಲೆ, "ಪೆನುಕೊಂಡ ಬಂತಾ?" ಎಂದು ಕೇಳಿದರು. ಕಿಟಕಿಯ ತುಂಬ ಪೆನುಕೊಂಡದ ಕೋಟೆಯ ಬೆಟ್ಟವೇ ಇತ್ತು. "ಬತ್ತಾ ಐತೆ" ಎಂದೆ.

ತವರಿನಲ್ಲಿ ಅವರ ಗುಟ್ಟು ಒಂದು ಗಂಟೆ ಉಳಿಯಲಿಲ್ಲ. ಅಲ್ಲಿ ಯಾವುದೂ ಯಾವ ಜಾಗದಲ್ಲೂ ಇರಲಿಲ್ಲ. ಅತ್ತೆ ಚೊಂಬನ್ನು ಎಡವಿದರು, ಹುಣಸೆಹಣ್ಣಿನ ರಾಶಿಯ ಮೇಲೆ ಕಾಲಿಟ್ಟರು, ಬಾಗಿಲೆಂದು ಬೀರುವಿನ ಕಡೆ ನಡೆದರು. ಕೊನೆಗೆ ಒಂದು ಕಡೆ ಕೂತುಕೊಂಡು, ಕೈಗೆ ಸಿಕ್ಕಿದ ಸುತ್ತಿಗೆಯಿಂದ ಹುಣಸೆಹಣ್ಣು ಬಡಿಯತೊಡಗಿದರು. ನಮ್ಮ ಮನೆಯ ಯಾರಿಗಿಂತಲೂ ಬೇಗ ಬೀಜ ಬೇರೆ ಬೀಳುತ್ತಿತ್ತು. ಅಮ್ಮ ಎದುರಿಗೆ ಕೂತು ನೋಡುತ್ತಿದ್ದಳು.

"ಬೀಗ್ತಿ" ಎಂದಳು ಅಮ್ಮ, "ನಿಮ್ ಕೈಯೇ ನೋಡ್ತಾವೆ. ಕಣ್ಣು ಏನ್ ಮಾಡ್ತಾವೆ, ನಿದ್ದೇನಾ?"

ಅತ್ತೆ ಸುತ್ತಿಗೆ ನಿಲ್ಲಿಸಲಿಲ್ಲ. "ಹೂಂ ಕಣವ್ವ. ಬಾಳ ದಿನದ ನಿದ್ದೆ" ಎಂದರು.

"ಹಂಗಾರೆ ನಾಡಿದ್ದು ಎಬ್ಬುಸ್ಕಂಡ್ ಬರಾನ. ಇಲ್ಲೇ ಪಕ್ಕದ್ ಇಸ್ಕೂಲಾಗೆ ಕ್ಯಾಂಪೈತೆ. ನಾನೂ ಬತ್ತೀನಿ."

"ಆಗ್ಲಿ" ಎಂದರು ಅತ್ತೆ.

ಆಗಲಿ! ಎರಡು ವರ್ಷ ನಾನು ಗೋಗರೆದದ್ದಕ್ಕೆ ಸಿಗದ ಮಾತು ಅಮ್ಮನ ಒಂದು ಕುಹಕಕ್ಕೆ ಸಿಕ್ಕಿತು. ಆ ರಾತ್ರಿ ಸಂತೋಷಪಡಬೇಕಾದವಳು ನಾನು ಗೋಡೆ ಕಡೆ ತಿರುಗಿ ಮಲಗಿದೆ. ಆಮೇಲೆ ಯೋಚಿಸಿದ್ದೇನೆ. ನನ್ನ ಮುಂದೆ ಹೂಂ ಎಂದರೆ ಅತ್ತೆ ಒಲೆ ಬಿಟ್ಟುಕೊಟ್ಟ ಹಾಗೆ. ಅಮ್ಮನ ಮುಂದೆ ಬಿಟ್ಟುಕೊಡಲು ಏನೂ ಇರಲಿಲ್ಲ. ಯೋಚಿಸಿದರೆ ಅರ್ಥವಾಗುತ್ತದೆ. ಸಿಟ್ಟು ಮಾತ್ರ ಈಗಲೂ ಅಲ್ಲೇ ಇದೆ.

ಕ್ಯಾಂಪಿನಲ್ಲಿ ಒಂದು ಕಣ್ಣಿಗೆ ಆಪರೇಷನ್ ಮಾಡಿದರು. ಪಟ್ಟಿ ಬಿಚ್ಚಿದ ದಿನ ಡಾಕ್ಟರು ಕೈ ಎತ್ತಿ, "ಚೂಡವ್ವಾ, ಇವಿ ಎನ್ನಿ ವೇಳ್ಳು?" ಎಂದು ಕೇಳಿದರು. ಎಷ್ಟು ಬೆರಳು ಎಂದು. ಅತ್ತೆ ಬೆರಳು ಎಣಿಸಲಿಲ್ಲ. ಪಕ್ಕದಲ್ಲಿ ತುಂಬು ಹೊಟ್ಟೆಯಲ್ಲಿ ನಿಂತಿದ್ದ ನನ್ನನ್ನು ನೋಡಿದರು. ತುಂಬ ಹೊತ್ತು, ಸಂತೆಯಲ್ಲಿ ಎಮ್ಮೆ ನೋಡುವವರ ಹಾಗೆ. "ನೀನ್ ಅಂಥಾ ಕಪ್ಪೇನಿಲ್ಲ" ಎಂದರು. ಆಮೇಲೆ ಡಾಕ್ಟರಿಗೆ ಹೇಳಿದರು: "ಮೂಡು ಸಾಮೀ, ಮೂಡು." ಮೂರು ಎಂದು.

ನಾಮಕರಣಕ್ಕೆ ಬಂದ ಮಾವನಿಗೆ ಅತ್ತೆಯೇ ಹೇಳಿದರು, ಕಣ್ಣಿಗೆ ಏನೋ ಸಣ್ಣದು ಸೇರಿತ್ತು, ಬೀಗ್ತಿ ತೆಗೆಸಿದಳು ಎಂದು. ದಪ್ಪ ಗಾಜಿನ ಕನ್ನಡಕ ಹಾಕಿದ್ದ ಹೆಂಡತಿಯನ್ನು ನೋಡಿ ಮಾವ, "ಏಯ್, ಮೇಷ್ಟ್ರಮ್ಮ ಬಂದ್ಬುಟ್ಳಲ್ಲ" ಎಂದು ನಕ್ಕರು. ಅಷ್ಟಕ್ಕೆ ಮುಗಿಯಿತು.

ಮೂರು ತಿಂಗಳ ಮಗು ಎತ್ತಿಕೊಂಡು ಅತ್ತೆಯ ಜೊತೆ ನಾನು ಕಲ್ಯಾಣದುರ್ಗಕ್ಕೆ ಮರಳಿದ ದಿನ ಅವರು ಅಡುಗೆಮನೆಯ ನಡುವೆ ಸೊಂಟಕ್ಕೆ ಕೈಯಿಟ್ಟು ನಿಂತರು. "ಅಯ್ಯೋ ದೇವುಡಾ, ಇಷ್ಟ್ ಮಸಿಯಾಗಾ ನಾನು ಅಡಿಗೆ ಮಾಡ್ತಿದ್ದದ್ದು? ನೋಡೋರಿಗೆ ನಾಚ್ಕೆ ಬ್ಯಾಡ್ವಾ?" ನೋಡುವವಳು ಅಂದರೆ ನಾನು. ಆವತ್ತಿನಿಂದ ಅವರು ಸಾಮಾನು ಸರಿಸತೊಡಗಿದರು. ಇವತ್ತು ಇಲ್ಲಿದ್ದ ಖಾರದಪುಡಿ ನಾಳೆ ಅಲ್ಲಿ. ಬಣ್ಣದ ಡಬ್ಬ ಕಂಡರೆ ಕೊಳ್ಳುವುದು, ಅದಕ್ಕೊಂದು ಹೊಸ ಜಾಗ. ಟ್ರಂಕಿನಿಂದ ನನ್ನ ಜಾಡಿಗಳನ್ನು ಅವರೇ ತೆಗೆದು ಮೇಲಿನ ಹಲಗೆಯಲ್ಲಿ ಜೋಡಿಸಿದರು, ನನ್ನನ್ನು ಕೇಳದೆ, ಅವರಿಗೆ ಚೆಂದ ಕಂಡಂತೆ. ಐದು ವರ್ಷದಲ್ಲಿ ನನ್ನ ಕೈಗಳು ಹಳೆಯ ಜಾಗಗಳನ್ನು ಕಲಿತುಬಿಟ್ಟಿದ್ದವು. ಈಗ ತಪ್ಪುತ್ತಿದ್ದವಳು ನಾನು.

ಬೀಜದ ಕತೆ ಮಾತ್ರ ತನ್ನ ಜಾಗದಲ್ಲೇ ಇತ್ತು. ಮನೆಗೆ ಯಾರು ಬಂದರೂ ಮಾವ ಅದನ್ನು ಹೇಳುತ್ತಿದ್ದರು. ಸಿಟ್ಟಿನಿಂದಲ್ಲ, ಈಗ ಅದು ತಮಾಷೆ. ನಮ್ಮ ಸೊಸೆ ಬಿತ್ತೋ ಬೀಜ ಹುರಿದು ಚಟ್ನಿ ಮಾಡಿದ್ದಳು, ಹಿಂದೂಪುರದವರಲ್ಲವೇ, ಹುಣಸೆಬೀಜ ಹುರಿದು ತಿಂದು ಅಭ್ಯಾಸ. ಜನ ನಗುತ್ತಿದ್ದರು. ನಾನು ಮಜ್ಜಿಗೆ ಕೊಟ್ಟು ಒಳಗೆ ಬರುತ್ತಿದ್ದೆ. ಅತ್ತೆ ಕೇಳದವರಂತೆ ಇರುತ್ತಿದ್ದರು. ನನ್ನ ಮಗಳು ಐದನೆಯ ತರಗತಿಗೆ ಬಂದಳು, ಅವಳಿಗೂ ಆ ಕತೆ ಬಾಯಿಪಾಠ. "ನಮ್ಮಮ್ಮ ನಂಗೆ ಔಷ್ದಿ ಬೀಜ ಇಕ್ಕಿದ್ಲು" ಎಂದು ಗೆಳತಿಯರಿಗೆ ಹೇಳುತ್ತಿದ್ದಳು. ಅದನ್ನು ಕೇಳಿದ ದಿನ ನಾನು ಊಟ ಮಾಡಲಿಲ್ಲ. ಯಾಕೆ ಎಂದು ಅತ್ತೆ ಕೇಳಲಿಲ್ಲ. ಅವರೂ ಊಟ ಮಾಡಲಿಲ್ಲ.

ಅದಾದ ಕೆಲವು ದಿನಕ್ಕೆ ಕಂಬದೂರಿನಿಂದ ನಾಲ್ಕು ಜನ ನೆಂಟರು ಬಂದರು. ಊಟವಾಯಿತು. ಪಡಸಾಲೆಯಲ್ಲಿ ಎಲೆ ಅಡಿಕೆ ಹಾಕಿಕೊಂಡು ಮಾವ ಶುರು ಮಾಡಿದರು. ಕೆಂಪು ಪುಡಿ, ಡಬ್ಬ, ಹುಣಸೆಬೀಜ. ಅತ್ತೆ ಅಡುಗೆಮನೆಯಿಂದ ಎದ್ದು ಹೋಗಿ ಬಾಗಿಲಲ್ಲಿ ನಿಂತರು. ಕನ್ನಡಕ ಹಾಕಿಕೊಂಡಿದ್ದರು.

"ಉರ್ದಿದ್ದು ನಾನು" ಎಂದರು.

ಎಲ್ಲರೂ ಬಾಗಿಲ ಕಡೆ ತಿರುಗಿದರು.

"ಅವ್ಳಲ್ಲ. ನಾನು ಉರ್ದಿದ್ದು. ನಂಗೆ ಕಣ್ಣು ಕಾಣ್ತಿರ್ಲಿಲ್ಲ. ಕೆಂಪೋ ಬಿಳುಪೋ ತಿಳೀತಿರ್ಲಿಲ್ಲ. ಮಗೀಗೆ ಇಕ್ಕಿದ್ದೂ ನಾನೇ. ಇವ್ಳೇ ಓಡ್ಬಂದು ತೆಗುದ್ಲು."

ನಾನು ಒಲೆಯ ಮುಂದೆ ಕೂತಲ್ಲೇ ಕೂತಿದ್ದೆ. ಇಷ್ಟು ವರ್ಷ ನಾನು ಕಾದದ್ದು ಈ ನಾಲ್ಕು ಮಾತಿಗೆ.

ಮೊದಲು ನಕ್ಕವರು ಮಾವ. ತೊಡೆ ತಟ್ಟಿ ನಕ್ಕರು. "ನೋಡ್ರಪ್ಪ, ನೋಡ್ರಿ! ಸೊಸೇನ ಎಂಗ್ ಬಿಟ್ಕೊಡಲ್ಲ ನೋಡ್ರಿ! ಕಣ್ಣು ಕಾಣ್ತಿರ್ಲಿಲ್ವಂತೆ! ಇವ್ಳು ಅವಾಗ ಸುಕ್ಕಲು ಬೀಜ ಒಂದೂ ಬಿಡ್ದಂಗೆ ಆರುಸ್ತಿದ್ಲು ಕಣ್ರಯ್ಯಾ, ನಮ್ ಕೈಲಾಗ್ತಿರ್ಲಿಲ್ಲ!"

"ಅಂಥಾ ಅತ್ತೆ ಸಿಕ್ಬೇಕು ಅಂದ್ರೆ ಪುಣ್ಯ ಮಾಡಿರ್ಬೇಕು ಕಣಮ್ಮೋ" ಎಂದು ನೆಂಟರಲ್ಲಿ ಒಬ್ಬ ಹೆಂಗಸು ಒಳಗಿದ್ದ ನನಗೆ ಕೇಳುವಂತೆ ಕೂಗಿ ಹೇಳಿದಳು.

"ನಿಜ ಯೋಳ್ತಾ ಇವ್ನಿ" ಎಂದರು ಅತ್ತೆ.

"ಆಯ್ತು ಕಣಮ್ಮ, ನೀನೇ ಉರ್ದಿದ್ದು, ಬಿಡು" ಎಂದು ನನ್ನ ಗಂಡ ನಗುತ್ತ ಎದ್ದು, ತಾಯಿಯ ಭುಜ ತಟ್ಟಿ, ನೆಂಟರನ್ನು ಬಸ್ಸಿಗೆ ಬಿಡಲು ಹೊರಟರು.

ಅತ್ತೆ ಒಳಗೆ ಬಂದು ನನ್ನ ಪಕ್ಕದಲ್ಲಿ ಕೂತರು. ಕನ್ನಡಕ ತೆಗೆದು ಸೆರಗಿನಿಂದ ಒರೆಸಿದರು, ಮತ್ತೆ ಹಾಕಿಕೊಂಡರು.

"ಯೋಳ್ದೆನಲ್ಲಮ್ಮ."

"ಯೋಳಿದ್ರಿ."

"ನಂಬ್ದಿದ್ರೆ ನಾನೇನ್ ಮಾಡ್ಲಿ? ತಿರ್ಗಾ ಪೊರೆ ಬರ್ಸ್ಕಂಡ್ ತೋರಿಸ್ಲಾ?"

ಎಂಟು ವರ್ಷ ತಡವಾಗಿ ಹೇಳಿದಿರಿ ಎಂದು ಹೇಳಬೇಕೆನ್ನಿಸಿತು. ಅವತ್ತೇ, ಆ ಖಾಲಿ ಮೊರ ಹಿಡಿದು ಕೂತಾಗಲೇ ಹೇಳಿದ್ದರೆ ನಂಬುತ್ತಿದ್ದರು. ಹೇಳಲಿಲ್ಲ. ಸಂಜೆಯ ಸಾರು ಒಲೆಯ ಮೇಲೆ ಕುದಿಯುತ್ತಿತ್ತು. ಉಪ್ಪು ಹಾಕಲು ಎಡಕ್ಕೆ ಕೈ ಚಾಚಿದೆ. ಕೈ ಖಾರದಪುಡಿಯ ಒಳಗೆ ಹೋಯಿತು. ಬೆಳಗ್ಗೆ ಅವರು ಮತ್ತೆ ಎಲ್ಲವನ್ನೂ ಸರಿಸಿದ್ದರು.

"ಉಪ್ಪು ಎಲ್ಲಿ ಅತ್ತೆ?" ಎಂದೆ. ದನಿ ಗಟ್ಟಿಯಾಗಿಯೇ ಬಂತು.

"ಕಣ್ಣಿಲ್ವಾ ನಿಂಗೆ?" ಎಂದರು. "ಅಲ್ಲೇ ಐತೆ, ನೋಡು."